ಕರಗಿದ ಸೌಟು: ಮಂಗೋಲಿಯಾದ ಅಲೆಮಾರಿ ಬದುಕು ಮತ್ತು ಸಿನಿಮಾ

(ಊರಿನ ಫಿಲ್ಮ್ ಸೊಸೈಟಿಯಲ್ಲಿ ಮಾತಾಡಿದ್ದು. ಬರೆದುಕೊಡಿ ಅಂತ ಗೆಳೆಯರು ಹಿಂದೆ ಬಿದ್ದಿದ್ದರಿಂದ ಸ್ವಲ್ಪ ಸರಿಮಾಡಿ ಬರೆದಿದ್ದೇನೆ. ಮಾತಿನ ಅಡ್ಡಾದಿಡ್ಡಿತನ ಹಾಗೇ ಉಳಿದಿದೆ.)

ಮೊದಲು ಒಂದು ಸೌಟಿನ ವಿಷಯ ಹೇಳಿಬಿಡುತ್ತೇನೆ, ಮಿಕ್ಕಿದ್ದು ಆಮೇಲೆ.

ಒಬ್ಬ ಕುರಿಗಾಹಿ ಮೋಟರ್‌ಬೈಕ್ ಹತ್ತಿ ಪೇಟೆಗೆ ಹೋಗುತ್ತಾನೆ. ತೋಳ ಕೊಂದುಹಾಕಿದ ಕುರಿಗಳ ಚರ್ಮ ಮಾರಬೇಕು, ಅದಕ್ಕೆ. ವಾಪಸ್ ಬರುವಾಗ ಹೆಂಡತಿಗೆ ಒಂದು ಪ್ಲಾಸ್ಟಿಕ್ ಸೌಟು ತಂದಿರುತ್ತಾನೆ. ಮಕ್ಕಳಿಗೆ ಬ್ಯಾಟರಿಯ ಗೊಂಬೆ ನಾಯಿ. ಮುಂದೆ ಒಂದು ಕಡೆ ನೋಡಿದರೆ, ಬಿಸಿ ಪಾತ್ರೆಯೊಳಗೆ ಇದ್ದ ಆ ಸೌಟು ಮೆತ್ತಗಾಗಿ ಕರಗಿಹೋಗಿದೆ. ಯಾರೂ ಅದರ ಬಗ್ಗೆ ಭಾಷಣ ಮಾಡುವುದಿಲ್ಲ. ಹಿನ್ನೆಲೆಯಲ್ಲಿ ಪಿಟೀಲು ಕುಯ್ಯುವುದಿಲ್ಲ. ಸಿನಿಮಾ ಸುಮ್ನೆ ಮುಂದೆ ಹೋಗುತ್ತದೆ.

ಇದು 2005ರ 'ದ ಕೇವ್ ಆಫ್ ದ ಯೆಲ್ಲೋ ಡಾಗ್'. ಬ್ಯಾಂಬಸುರೆನ್ ದವಾ ಅನ್ನುವ ಮಂಗೋಲಿಯನ್ ನಿರ್ದೇಶಕಿಯ ಚಿತ್ರ. ಮೊದಲ ಸಲ ನೋಡಿದಾಗ ನಾನು ಈ ಸೌಟನ್ನು ಗಮನಿಸಿರಲೇ ಇಲ್ಲ. ನಿಜ ಹೇಳಬೇಕೆಂದರೆ ನಾನೂ ಎಲ್ಲರ ಹಾಗೆ ಬೆಟ್ಟ, ಮೋಡ, ಹುಲ್ಲು ನೋಡುತ್ತಾ ಕೂತಿದ್ದೆ. ಮಂಗೋಲಿಯಾದ ಸಿನಿಮಾ ಅಂದರೆ ನಮಗೆ ಅಷ್ಟೇ ಕಾಣುವುದು, ಅಲ್ವಾ? ಕುದುರೆ, ಬಯಲು, ಅದರ ಮಧ್ಯೆ ಒಂದು ಬಿಳಿ ಗುಡಾರ. ಎರಡನೇ ಸಲ ನೋಡಿದಾಗ ಗುಡಾರದ ಒಳಗೆ ನೋಡಿದೆ. ಇವತ್ತು ನಿಮಗೂ ಅದನ್ನೇ ಮಾಡಿ ಅಂತ ಹೇಳಲು ಬಂದಿದ್ದೇನೆ. ಈ ಸಿನಿಮಾಗಳಲ್ಲಿ ಬದಲಾವಣೆ ಕತ್ತಿ ಹಿಡಿದು ಕುದುರೆ ಮೇಲೆ ಬರುವುದಿಲ್ಲ. ಮನೆಯವರೇ ಆಸೆಪಟ್ಟು, ಪ್ರೀತಿಯಿಂದ, ಬೈಕಿನ ಹಿಂದೆ ಕಟ್ಟಿಕೊಂಡು ತರುತ್ತಾರೆ.

ಆ ಗುಡಾರಕ್ಕೆ ಅಲ್ಲಿಯವರು 'ಗೆರ್' ಅನ್ನುತ್ತಾರೆ. ಯುರ್ಟ್ ಅನ್ನುವುದು ಹೊರಗಿನವರ ಮಾತು. ಗೆರ್ ಅಂದರೆ ಮನೆ ಅಂತಲೇ ಅರ್ಥ. ಮಡಚುವ ಜಾಲರಿಯಂಥ ಗೋಡೆ, ಅದಕ್ಕೆ 'ಖಾನಾ' ಅಂತ ಹೆಸರು. ಅದರ ಮೇಲೆ ಛತ್ರಿ ಕಡ್ಡಿಗಳ ಹಾಗೆ ಕೋಲುಗಳು. ನೆತ್ತಿಯಲ್ಲಿ 'ತೋನೋ' ಅನ್ನುವ ಮರದ ಚಕ್ರ, ಬೆಳಕು ಬರುವುದೂ ಹೊಗೆಕೊಳವೆ ಹೋಗುವುದೂ ಅಲ್ಲಿಂದಲೇ. ತೋನೋಗೆ ಆಸರೆಯಾಗಿ ಮಧ್ಯದಲ್ಲಿ ಎರಡು ಕಂಬ. ಸುತ್ತ ಕುರಿ ಉಣ್ಣೆಯ ದಪ್ಪ ಕಂಬಳಿ. ಬಾಗಿಲು ಯಾವಾಗಲೂ ದಕ್ಷಿಣಕ್ಕೆ. ಒಳಗೆ ಹೋದರೆ ಎಡಕ್ಕೆ ಗಂಡಸರ ಸಾಮಾನು, ತಡಿ, ಹಗ್ಗ ಎಲ್ಲ. ಬಲಕ್ಕೆ ಹೆಂಗಸರದು, ಪಾತ್ರೆ ಪಗಡಿ. ಎದುರಿಗೆ ದೇವರು. ನಟ್ಟನಡುವೆ ಒಲೆ. ಹೊಸಿಲು ತುಳಿಯಬಾರದು. ಇದನ್ನು ನಮ್ಮವರಿಗೆ ಹೇಳಿಕೊಡಬೇಕಾಗಿಲ್ಲ ಬಿಡಿ.

ಇದನ್ನೆಲ್ಲ ಯಾಕೆ ಹೇಳಿದೆ ಅಂದರೆ, ಈ ಮನೆಯನ್ನು ವರ್ಷಕ್ಕೆ ಕೆಲವು ಸಲ ಬಿಚ್ಚಿ, ಗಾಡಿಗೆ ಹೇರಿ, ಬೇರೆ ಕಡೆ ಕಟ್ಟಬೇಕು. ಹಾಗಾಗಿ ಮನೆಯೊಳಗೆ ಇರುವ ಪ್ರತಿಯೊಂದು ವಸ್ತುವಿಗೂ ಒಂದು ತೂಕ ಇದೆ, ನಿಜವಾದ ತೂಕ, ಕಿಲೋದಲ್ಲಿ. ನಮ್ಮ ಮನೆಗಳಲ್ಲಿ ಅಟ್ಟದ ಮೇಲೆ ಏನಿದೆ ಅಂತ ನಮಗೇ ಗೊತ್ತಿಲ್ಲ. ಅವರಿಗೆ ಅಟ್ಟ ಇಲ್ಲ. ಒಂದು ಸಾಮಾನು ಒಳಗೆ ಬಂತು ಅಂದರೆ ಅದನ್ನು ಒಂಟೆ ಹೊರಬೇಕು, ಅಥವಾ ಟ್ರಕ್. ಆದ್ದರಿಂದ ಒಂದು ಸೌಟು, ಒಂದು ಟಿವಿ ಅಲ್ಲಿ ಸಣ್ಣ ವಿಷಯ ಅಲ್ಲವೇ ಅಲ್ಲ.

ಅದೇ ಸಿನಿಮಾದಲ್ಲಿ ಗೆರ್ ಬಿಚ್ಚುವ ದೃಶ್ಯ ಇದೆ. ಅವಸರ ಇಲ್ಲದೆ ತೋರಿಸುತ್ತಾರೆ. ಹಗ್ಗ ಬಿಚ್ಚಿ, ಕಂಬಳಿ ಸುತ್ತಿ, ಕೋಲು ತೆಗೆದು, ಗೋಡೆ ಮಡಚಿ. ಈಗಷ್ಟೇ ನಾವು ಒಳಗೆ ಕೂತು ಚಹಾ ಕುಡಿದ ಹಾಗೆ ಅನಿಸಿದ ಮನೆ ಕಣ್ಣೆದುರಿಗೇ ಒಂದು ಮೂಟೆಯಾಗುತ್ತದೆ. ಈ ಗಡಿಬಿಡಿಯಲ್ಲೇ ಕೊನೆಯ ಪುಟ್ಟ ಮಗು ಹಿಂದೆ ಉಳಿದುಬಿಡುತ್ತದೆ, ಹತ್ತಿರದಲ್ಲಿ ರಣಹದ್ದುಗಳು, ಮತ್ತು ಮನೆಯ ಯಜಮಾನ ಬೇಡವೇ ಬೇಡ ಅಂದಿದ್ದ ನಾಯಿ. ಮುಂದಿನದನ್ನು ಹೇಳುವುದಿಲ್ಲ, ನೋಡಿಕೊಳ್ಳಿ.

ಆ ನಾಯಿಯನ್ನು ತಂದವಳು ಆರು ವರ್ಷದ ನನ್ಸಾಲ್. ಪೇಟೆಯ ಶಾಲೆಯಿಂದ ರಜಕ್ಕೆ ಮನೆಗೆ ಬಂದಿದ್ದಾಳೆ, ಗುಹೆಯಲ್ಲಿ ನಾಯಿ ಸಿಕ್ಕಿದೆ, ಬಿಡಲು ಮನಸ್ಸಿಲ್ಲ. ಅಮ್ಮ ಬೈಯುವುದಿಲ್ಲ. ಅಂಗೈ ಚಪ್ಪಟೆಯಾಗಿ ಹಿಡಿದು ಅದನ್ನು ಕಚ್ಚು ನೋಡೋಣ ಅನ್ನುತ್ತಾಳೆ. ಹುಡುಗಿ ಪ್ರಯತ್ನಿಸುತ್ತಾಳೆ. ಆಗುವುದಿಲ್ಲ. ಇಷ್ಟು ಹತ್ತಿರ ಇದೆ, ಆದರೂ ಬಾಯಿಗೆ ಸಿಗುತ್ತಿಲ್ಲ, ಕಂಡಿದ್ದೆಲ್ಲ ನಿನ್ನದಾಗುವುದಿಲ್ಲ ಅಂತ. (ಈಗ ಇಲ್ಲಿ ಕೂತವರಲ್ಲಿ ಅರ್ಧ ಜನ ಅಂಗೈ ಕಚ್ಚಲು ನೋಡುತ್ತಿದ್ದೀರಿ. ನನಗೆ ವೇದಿಕೆ ಮೇಲಿಂದ ಕಾಣುತ್ತಿದೆ.)

ಸರಿ, ಸ್ವಲ್ಪ ಲೆಕ್ಕ. ಮಂಗೋಲಿಯಾದ ವಿಸ್ತೀರ್ಣ ಸುಮಾರು 15.6 ಲಕ್ಷ ಚದರ ಕಿಲೋಮೀಟರ್. ಅಂದರೆ ಎಂಟು ಕರ್ನಾಟಕ. ಜನ 35 ಲಕ್ಷದ ಆಸುಪಾಸು. ಅದರಲ್ಲಿ ಹೆಚ್ಚುಕಡಿಮೆ ಅರ್ಧ ಜನ ಉಲಾನ್‌ಬಾತರ್ ಅನ್ನುವ ಒಂದೇ ಊರಿನಲ್ಲಿದ್ದಾರೆ. ಮಿಕ್ಕ ದೇಶದಲ್ಲಿ ಜನರಿಗಿಂತ ಕುರಿ, ಮೇಕೆ, ದನ, ಕುದುರೆ, ಒಂಟೆಗಳೇ ಎಷ್ಟೋ ಪಟ್ಟು ಜಾಸ್ತಿ.

ಇನ್ನೊಂದು ತಪ್ಪು ತಿಳಿವಳಿಕೆ. ಸಾವಿರಾರು ವರ್ಷದಿಂದ ಬದಲಾಗದೆ ಬಂದ ಬದುಕು ಅಂತ ಈ ಸಿನಿಮಾಗಳ ಪೋಸ್ಟರ್ ಮೇಲೆ ಯಾರಾದರೂ ಬರೆದಿದ್ದರೆ ನಂಬಬೇಡಿ. 1950ರ ದಶಕದ ಕೊನೆಯ ಹೊತ್ತಿಗೆ ಮಂಗೋಲಿಯಾದ ಕುರಿಗಾಹಿಗಳನ್ನೆಲ್ಲ 'ನೆಗ್ದೆಲ್' ಅನ್ನುವ ಸರ್ಕಾರಿ ಸಹಕಾರಿ ಕೂಟಗಳಿಗೆ ಸೇರಿಸಿಯಾಗಿತ್ತು. ದನಕರು ಕೂಟದ್ದು, ಕುರಿಗಾಹಿಗೆ ಸಂಬಳ. ಪಶುವೈದ್ಯ ಬರುತ್ತಿದ್ದ, ಚಳಿಗಾಲಕ್ಕೆ ಹುಲ್ಲು ಬರುತ್ತಿತ್ತು, ಮಕ್ಕಳಿಗೆ ವಸತಿ ಶಾಲೆ, ವಯಸ್ಸಾದರೆ ಪಿಂಚಣಿ. ಒಂಥರಾ ಸರ್ಕಾರಿ ನೌಕರಿ, ಆದರೆ ಕುದುರೆ ಮೇಲೆ. 1990ರಲ್ಲಿ ಜನ ಚಳಿಯಲ್ಲಿ ಬೀದಿಗಿಳಿದು ಒಂದೇ ಪಕ್ಷದ ಆಡಳಿತ ಕೊನೆಗಾಣಿಸಿದರು. ಸೋವಿಯತ್ ನೆರವು ನಿಂತಿತು, ಕಾರ್ಖಾನೆಗಳು ಮುಚ್ಚಿದವು, ನೆಗ್ದೆಲ್‌ಗಳನ್ನು ಬಿಚ್ಚಿ ದನಗಳನ್ನು ಹಂಚಿದರು. ಆಗ ಏನಾಯ್ತು ಗೊತ್ತಾ? ಪೇಟೆಯಲ್ಲಿ ಕೆಲಸ ಕಳಕೊಂಡವರು, ಡ್ರೈವರುಗಳು, ಗುಮಾಸ್ತರು, ಬಯಲಿಗೆ ವಾಪಸ್ ಹೋದರು. ಹತ್ತು ವರ್ಷದಲ್ಲಿ ಕುರಿಗಾಹಿ ಮನೆಗಳ ಸಂಖ್ಯೆ ಎರಡು ಪಟ್ಟಿಗಿಂತ ಜಾಸ್ತಿಯಾಯಿತು. ನಾವು ಪರದೆ ಮೇಲೆ ನೋಡಿ ಆಹಾ ಎಷ್ಟು ಪುರಾತನ ಅಂದುಕೊಳ್ಳುವ ಅಲೆಮಾರಿಯ ಅಪ್ಪ ಟ್ರಾಕ್ಟರ್ ಮೆಕ್ಯಾನಿಕ್ ಆಗಿದ್ದರೂ ಇರಬಹುದು.

ಈಗ ಒಂಟೆಗೆ ಬರೋಣ. ನಿಮ್ಮಲ್ಲಿ ಹೆಚ್ಚಿನವರು ನೋಡಿರುವುದು ಅದನ್ನೇ ಅಂತ ಕಾಣುತ್ತದೆ.

'ದ ಸ್ಟೋರಿ ಆಫ್ ದ ವೀಪಿಂಗ್ ಕ್ಯಾಮೆಲ್', 2003. ದವಾ ಮತ್ತು ಇಟಲಿಯ ಲುಯಿಜಿ ಫಲೋರ್ನಿ ಇಬ್ಬರೂ ಮ್ಯೂನಿಕ್‌ನ ಸಿನಿಮಾ ಶಾಲೆಯ ವಿದ್ಯಾರ್ಥಿಗಳಾಗಿದ್ದಾಗ ಮಾಡಿದ್ದು. ಮುಂದೆ ಆಸ್ಕರ್‌ನ ಸಾಕ್ಷ್ಯಚಿತ್ರ ವಿಭಾಗದ ಕೊನೇ ಪಟ್ಟಿಗೂ ಹೋಯಿತು. ದಕ್ಷಿಣ ಗೋಬಿ ಮರುಭೂಮಿ, ವಸಂತಕಾಲ, ಗಾಳಿ. ಒಂದು ಒಂಟೆಗೆ ತುಂಬಾ ಕಷ್ಟದ ಹೆರಿಗೆ. ಕಡೆಗೆ ಒಂದು ಬಿಳಿ ಮರಿ. ತಾಯಿ ಅದನ್ನು ಹತ್ತಿರ ಸೇರಿಸುವುದಿಲ್ಲ, ಒದೆಯುತ್ತದೆ. ಮರಿ ಒಂದೇ ಸಮನೆ ಅರಚುತ್ತದೆ. ಆ ಧ್ವನಿಯನ್ನು ಐದು ನಿಮಿಷ ಕೇಳಿದರೆ ಸಾಕು, ಎದ್ದು ಹೋಗಿ ನಾವೇ ಹಾಲು ಕುಡಿಸಿಬಿಡೋಣ ಅನಿಸುತ್ತದೆ. ಮನೆಯವರು ಎಲ್ಲ ಮಾಡಿ ನೋಡುತ್ತಾರೆ. ಕೊನೆಗೆ ಮನೆಯ ಇಬ್ಬರು ಹುಡುಗರು, ದುದೆ ಮತ್ತು ಉಗ್ನಾ, ಒಂಟೆ ಹತ್ತಿ ಜಿಲ್ಲಾ ಕೇಂದ್ರಕ್ಕೆ ಹೋಗುತ್ತಾರೆ. ಯಾರನ್ನು ಕರೆತರಲು? ಡಾಕ್ಟರನ್ನಲ್ಲ. ಪಿಟೀಲಿನವನನ್ನು. 'ಮೋರಿನ್ ಖೂರ್' ಅಂತ ಎರಡು ತಂತಿಯ ವಾದ್ಯ, ತುದಿಯಲ್ಲಿ ಕುದುರೆ ತಲೆ ಕೆತ್ತಿರುತ್ತದೆ.

ಆತ ಬಂದು ಮೊದಲು ಮಾಡುವ ಕೆಲಸ ಬಾರಿಸುವುದಲ್ಲ. ವಾದ್ಯವನ್ನು ತಾಯಿ ಒಂಟೆಯ ಡುಬ್ಬಕ್ಕೆ ನೇತುಹಾಕುತ್ತಾನೆ. ಬಯಲಿನ ಗಾಳಿಗೆ ತಂತಿ ತಾನೇ ಗುಂಯ್ ಅನ್ನುತ್ತದೆ. ಒಂಟೆ ಕಿವಿ ಕೊಡುತ್ತದೆ. ಆಮೇಲೆ ಆತ ಕೂತು ನುಡಿಸುತ್ತಾನೆ, ಮನೆಯ ಸೊಸೆ ಒಂಟೆಯ ಕತ್ತು, ಪಕ್ಕೆ ಸವರುತ್ತಾ ಒಂದೇ ಪದವನ್ನು ಮತ್ತೆ ಮತ್ತೆ ಎಳೆದು ಎಳೆದು ಹಾಡುತ್ತಾಳೆ. 'ಹೂಸ್, ಹೂಸ್' ಅಂತ. ಅದಕ್ಕೆ ಅರ್ಥ ಏನೂ ಇಲ್ಲ, ಒಂಟೆಗೆ ಹೇಳುವ ಮಾತು ಅದು. ಮರಿಯನ್ನು ಕೆಚ್ಚಲ ಹತ್ತಿರ ತರುತ್ತಾರೆ. ಈ ಸಲ ಒದೆಯುವುದಿಲ್ಲ. ಒಂಟೆಯ ಕಣ್ಣಿಂದ ನೀರು ಇಳಿಯುತ್ತದೆ.

ಇದನ್ನು ಪವಾಡ ಅಂತ ನೋಡಬೇಡಿ. ಇದು ಕಸುಬು. ನಮ್ಮ ಅಜ್ಜಿ ಮನೆಯಲ್ಲಿ ಕರು ಸತ್ತರೆ ಅದರ ಚರ್ಮಕ್ಕೆ ಹುಲ್ಲು ತುಂಬಿ ಹಸುವಿನ ಮುಂದೆ ನಿಲ್ಲಿಸುತ್ತಿದ್ದರು. ಹಸು ಅದನ್ನು ನೆಕ್ಕುತ್ತಾ ಸೊರೆ ಬಿಡುತ್ತಿತ್ತು. ಅಜ್ಜಿ ಹಾಲು ಕರೆಯುವಾಗ ಗುನುಗುತ್ತಿದ್ದಳು, ಗುನುಗದಿದ್ದರೆ ಹಸು ಕಾಲು ಎತ್ತುತ್ತಿತ್ತು. ಹೀಗೆ ದನದ ಜೊತೆ ಬದುಕುವವರಿಗೆ ಅದರ ಮನಸ್ಸು ಒಲಿಸುವ ಒಂದೊಂದು ದಾರಿ ಗೊತ್ತಿರುತ್ತದೆ. ನಮ್ಮಲ್ಲಿ ತುಂಬಿದ ಕರು, ಅಲ್ಲಿ ಮೋರಿನ್ ಖೂರ್. ಒಂದು ವ್ಯತ್ಯಾಸ ಇದೆ: ನಾವು ಹಸುವಿಗೆ ಮೋಸ ಮಾಡುತ್ತೇವೆ, ಅವರು ಒಂಟೆಯನ್ನು ಬೇಡಿಕೊಳ್ಳುತ್ತಾರೆ. ಅಜ್ಜಿ ಇದನ್ನು ಕೇಳಿದ್ದರೆ ನನಗೆ ಬೈಯುತ್ತಿದ್ದಳು, ಇರಲಿ.

2015ರಲ್ಲಿ ಯುನೆಸ್ಕೋ ಈ ಒಂಟೆ ಒಲಿಸುವ ಆಚರಣೆಯನ್ನು ತುರ್ತಾಗಿ ಕಾಪಾಡಬೇಕಾದ ಪರಂಪರೆಗಳ ಪಟ್ಟಿಗೆ ಸೇರಿಸಿತು. ಸಿನಿಮಾ ಬಂದು ಹನ್ನೆರಡು ವರ್ಷಕ್ಕೆ. ಕಾರಣ ದೊಡ್ಡದೇನಲ್ಲ. ಬೈಕ್ ಬಂತು, ಒಂಟೆ ಮೇಲೆ ಕೂತು ಒಂಟೆ ಮೇಯಿಸುವವರು ಕಡಿಮೆಯಾದರು. ಚಿಕ್ಕವರು ಪೇಟೆಗೆ ಹೋದರು. ಹಾಡು ಬಲ್ಲ ಮುದುಕರು ಉಳಿದರು.

ಈಗ ಆ ಹುಡುಗರ ಪ್ರಯಾಣಕ್ಕೆ ವಾಪಸ್ ಬನ್ನಿ. ಒಂಟೆ ಅತ್ತಿದ್ದನ್ನು ಎಲ್ಲರೂ ನೆನಪಿಟ್ಟುಕೊಳ್ಳುತ್ತಾರೆ, ಆದರೆ ನನಗೆ ಈ ಸಿನಿಮಾದ ನಾಯಕ ಉಗ್ನಾ, ಚಿಕ್ಕವನು. ದಾರಿಯಲ್ಲಿ ಒಬ್ಬರ ಗೆರ್ ಒಳಗೆ ಟಿವಿ ನೋಡುತ್ತಾನೆ. ಕಣ್ಣು ಅಲ್ಲೇ ಅಂಟಿಕೊಳ್ಳುತ್ತದೆ. ವಾಪಸ್ ಬಂದ ಮೇಲೆ ನಮಗೂ ಟಿವಿ ಬೇಕು ಅಂತ ಶುರು. ತಾತನಿಗೆ ಇಷ್ಟ ಇಲ್ಲ, ಇಡೀ ದಿನ ಗಾಜಿನೊಳಗಿನ ಚಿತ್ರ ನೋಡುತ್ತಾ ಕೂರುತ್ತೀಯ ಅನ್ನುವ ಅರ್ಥದ ಮಾತು ಹೇಳುತ್ತಾನೆ. ಒಂಟೆ ಒಲಿಯುತ್ತದೆ, ಮರಿ ಹಾಲು ಕುಡಿಯುತ್ತದೆ, ಎಲ್ಲರೂ ಕಣ್ಣೊರೆಸಿಕೊಳ್ಳುತ್ತಾರೆ. ಅಷ್ಟಕ್ಕೇ ಚಿತ್ರ ನಿಲ್ಲಿಸಿಬಿಡಬಹುದಿತ್ತು, ಬೇರೆಯವರಾಗಿದ್ದರೆ ನಿಲ್ಲಿಸುತ್ತಿದ್ದರು. ಇವರು ನಿಲ್ಲಿಸುವುದಿಲ್ಲ. ಕೊನೆಯಲ್ಲಿ ಆ ಮನೆಗೂ ಟಿವಿ ಬರುತ್ತದೆ, ಹೊರಗೆ ಡಿಶ್ ನಿಲ್ಲುತ್ತದೆ. ಒಂದೇ ವಸಂತದಲ್ಲಿ ಎರಡು ಆಸೆ ತೀರಿವೆ, ಮರಿಯದೂ ಉಗ್ನಾನದೂ.

ಟಿವಿ ಅಂದ ಮೇಲೆ ಇನ್ನೆರಡು ಚಿತ್ರ ಹೇಳಲೇಬೇಕು. ಆದರೆ ಒಂದು ಎಚ್ಚರಿಕೆ. ಮಂಗೋಲಿಯಾ ದೇಶ ಬೇರೆ, ಇನ್ನರ್ ಮಂಗೋಲಿಯಾ ಬೇರೆ. ಎರಡನೆಯದು ಚೀನಾದ ಒಳಗಿರುವ ಪ್ರಾಂತ. ಅಲ್ಲೂ ಮಂಗೋಲರಿದ್ದಾರೆ, ಆದರೆ ಅವರೀಗ ಅಲ್ಲಿ ಅಲ್ಪಸಂಖ್ಯಾತರು. ಸಿನಿಮಾ ನೋಡುವಾಗ ನಾವು ಎರಡನ್ನೂ ಕಲಸಿಬಿಡುತ್ತೇವೆ.

1991ರ 'ಉರ್ಗಾ' ಇನ್ನರ್ ಮಂಗೋಲಿಯಾದ ಕತೆ. ಮಾಡಿದವರು ರಷ್ಯಾದ ನಿಕಿತಾ ಮಿಖಾಲ್ಕೋವ್, ವೆನಿಸ್‌ನಲ್ಲಿ ಚಿನ್ನದ ಸಿಂಹ ಗೆದ್ದ ಚಿತ್ರ. ಉರ್ಗಾ ಅಂದರೆ ಕುದುರೆ ಹಿಡಿಯುವ, ತುದಿಯಲ್ಲಿ ಕುಣಿಕೆ ಇರುವ ಉದ್ದ ಕೋಲು. ಅದನ್ನು ಬಯಲಲ್ಲಿ ನೆಟ್ಟಿದ್ದರೆ ಅಲ್ಲಿ ಗಂಡ ಹೆಂಡತಿ ಇದ್ದಾರೆ, ಯಾರೂ ಆ ಕಡೆ ಬರಬೇಡಿ ಅಂತ. ಗೊಂಬೋ ಮತ್ತು ಪಗ್ಮಾಗೆ ಆಗಲೇ ಮೂರು ಮಕ್ಕಳು, ಇಷ್ಟೇ ಮಕ್ಕಳು ಅಂತ ಚೀನಾ ಸರ್ಕಾರ ಹಾಕಿದ್ದ ಲೆಕ್ಕ ಅಲ್ಲಿಗೆ ಮುಗಿಯಿತು. ಪಗ್ಮಾ ಪೇಟೆಯಲ್ಲಿ ಬೆಳೆದವಳು, ಗಂಡನನ್ನು ಕಾಂಡೋಮ್ ತರಲು ಪೇಟೆಗೆ ಕಳಿಸುತ್ತಾಳೆ, ಹಾಗೇ ಒಂದು ಟಿವಿ. ಅವನು ಅಂಗಡಿ ತನಕ ಹೋಗಿ ನಾಚಿಕೊಂಡು ವಾಪಸ್ ಬರುತ್ತಾನೆ. ಟಿವಿ ಮಾತ್ರ ತರುತ್ತಾನೆ. ಅದರಲ್ಲಿ ತಮಾಷೆ ಇದೆ, ಆದರೆ ಆ ಮನುಷ್ಯ ತರಲು ಒಪ್ಪಿದ್ದೇನು, ತರಲಾಗದೆ ಬಂದಿದ್ದೇನು ಅಂತ ಯೋಚಿಸಿ. ಪ್ರಪಂಚವನ್ನೆಲ್ಲ ಮನೆಯೊಳಗೆ ತರುವ ಪೆಟ್ಟಿಗೆ ಸುಲಭ, ಹಾಸಿಗೆಗೆ ಸಂಬಂಧಪಟ್ಟ ಒಂದು ಸಣ್ಣ ಪೊಟ್ಟಣ ಕಷ್ಟ. ಕೊನೆಗೆ ಉರ್ಗಾ ನೆಡುತ್ತಿದ್ದ ಬಯಲಲ್ಲಿ ಕಾರ್ಖಾನೆಯ ಚಿಮಣಿ ಎದ್ದಿರುತ್ತದೆ. ಅದು ನನಗೆ ಸ್ವಲ್ಪ ಅತಿಯಾಯಿತು ಅನಿಸುತ್ತದೆ. ಕರಗಿದ ಸೌಟಿಗೆ ಇರುವ ಮರ್ಯಾದೆ ಆ ಚಿಮಣಿಗಿಲ್ಲ.

ಇನ್ನೊಂದು 2005ರ 'ಮಂಗೋಲಿಯನ್ ಪಿಂಗ್ ಪಾಂಗ್', ನಿಂಗ್ ಹಾವ್ ಅವರದು. ಬಿಲಿಕೆ ಅನ್ನುವ ಹುಡುಗನಿಗೆ ಹೊಳೆಯಲ್ಲಿ ತೇಲಿ ಬಂದ ಒಂದು ಬಿಳಿ ಚೆಂಡು ಸಿಗುತ್ತದೆ. ಏನದು ಅಂತ ಯಾರಿಗೂ ಗೊತ್ತಿಲ್ಲ. ಅಜ್ಜಿ ಪ್ರಕಾರ ಅದು ಹೊಳೆಯುವ ಮುತ್ತು, ದೇವತೆಗಳದ್ದು. ಹುಡುಗರು ರಾತ್ರಿಯೆಲ್ಲ ಹೊಳೆಯುತ್ತಾ ಅಂತ ಕಾಯುತ್ತಾರೆ. ಹೊಳೆಯುವುದಿಲ್ಲ. ಅಷ್ಟರಲ್ಲಿ ಮನೆಗೆ ಟಿವಿ ಬಂದಿದೆ, ಚಿತ್ರ ಬರಲ್ಲ, ಬರೀ ಧ್ವನಿ. (ನಮ್ಮ ದೂರದರ್ಶನದ ಕಾಲ ನೆನಪಾಯಿತಾ? ಮನೆ ಮೇಲೆ ಹತ್ತಿ ಆಂಟೆನಾ ತಿರುಗಿಸುತ್ತಾ, ಬಂತಾ, ಬಂತಾ ಅಂತ ಕೂಗಿದ್ದು?) ಆ ಧ್ವನಿ ಹೇಳುತ್ತದೆ, ಪಿಂಗ್ ಪಾಂಗ್ ಚೆಂಡು ನಮ್ಮ ದೇಶದ ಚೆಂಡು ಅಂತ. ಹುಡುಗರಿಗೆ ಗಾಬರಿ. ದೇಶದ ಚೆಂಡು ನಮ್ಮ ಹತ್ತಿರ ಉಳಿದಿದೆಯಲ್ಲ! ದೇಶ ಈಗ ಎಷ್ಟು ಚಿಂತೆಯಲ್ಲಿದೆಯೋ. ವಾಪಸ್ ಕೊಟ್ಟು ಬರೋಣ ಅಂತ ಬೀಜಿಂಗ್ ಕಡೆ ಹೊರಡುತ್ತಾರೆ.

ಆ ನಗುವಿನ ಕೆಳಗೆ ಗಟ್ಟಿಯಾದ ವಿಷಯ ಇದೆ. ದೇಶ ಅನ್ನುವುದು ಆ ಬಯಲಿಗೆ ಟಿವಿಯ ಧ್ವನಿಯಾಗಿ, ಅದೂ ಅರ್ಧಂಬರ್ಧ ಕೇಳಿಸಿಕೊಂಡ ಧ್ವನಿಯಾಗಿ ಬರುತ್ತದೆ. ಕೊನೆಯಲ್ಲಿ ಬಿಲಿಕೆಯನ್ನು ಪೇಟೆಯ ಶಾಲೆಗೆ ಸೇರಿಸುತ್ತಾರೆ. ಒಂದು ಬಾಗಿಲ ಆಚೆಯಿಂದ ಟಕ್ ಟಕ್ ಟಕ್ ಅಂತ ಸದ್ದು. ಅವನು ಬಾಗಿಲು ತೆಗೆದು ನಿಲ್ಲುತ್ತಾನೆ. ಆ ಮುಖ ನೋಡಬೇಕು ನೀವು. ತನ್ನ ಹತ್ತಿರ ಇದ್ದ ಒಂದೇ ಒಂದು ಮುತ್ತು ಇಲ್ಲಿ ನೂರಾರು ಇವೆ.

ಇನ್ನರ್ ಮಂಗೋಲಿಯಾದ್ದೇ ಇನ್ನೊಂದು ಚಿತ್ರ 'ತುಯಾಸ್ ಮ್ಯಾರೇಜ್'. 2007ರಲ್ಲಿ ಬರ್ಲಿನ್‌ನ ಚಿನ್ನದ ಕರಡಿ ಗೆದ್ದಿದ್ದು. ಬಾವಿ ತೋಡಲು ಹೋಗಿ ಕಾಲು ಕಳಕೊಂಡಂತಾದ ಗಂಡ, ಒಣಗಿದ ನೆಲ, ದೂರದಿಂದ ನೀರು ಹೊತ್ತು ತರುವ ಹೆಂಡತಿ. ಅವಳು ಗಂಡನಿಗೆ ವಿಚ್ಛೇದನ ಕೊಟ್ಟು ಬೇರೆ ಮದುವೆಗೆ ತಯಾರಾಗುತ್ತಾಳೆ, ಆದರೆ ಷರತ್ತು ಏನು ಅಂದರೆ ಹೊಸ ಗಂಡ ಹಳೇ ಗಂಡನನ್ನೂ ಸಾಕಬೇಕು. ಅದರ ಬಗ್ಗೆ ಒಂದು ಪೂರ್ತಿ ಸಂಜೆ ಬೇಕು, ಇವತ್ತು ಬಿಡೋಣ.

ಯಾರು ಕ್ಯಾಮೆರಾ ಹಿಡಿದಿದ್ದಾರೆ ಅನ್ನುವುದನ್ನೂ ನೋಡಬೇಕಲ್ಲ. ಬಯಲಿಗೆ ಮೊದಲು ಹೋದ ದೊಡ್ಡ ಕ್ಯಾಮೆರಾಗಳಲ್ಲಿ ಒಂದು ಸೋವಿಯತ್‌ನ ಪುಡೋವ್ಕಿನ್ ಅವರದು, 1928ರ 'ಸ್ಟಾರ್ಮ್ ಓವರ್ ಏಷ್ಯಾ'. ಮಂಗೋಲ್ ಬೇಟೆಗಾರನ ಹತ್ತಿರ ಬೆಲೆಬಾಳುವ ನರಿ ಚರ್ಮ ಇರುತ್ತದೆ, ಬಿಳಿ ವ್ಯಾಪಾರಿ ಮೋಸ ಮಾಡುತ್ತಾನೆ, ಬ್ರಿಟಿಷ್ ಸೈನ್ಯ ಬರುತ್ತದೆ. ಬ್ರಿಟಿಷರು ಮಂಗೋಲಿಯಾವನ್ನು ಆಳಿದ್ದೇ ಇಲ್ಲ! ಆ ಕತೆ ಪ್ರಚಾರಕ್ಕೆ ಹೊಂದಿಸಿದ್ದು. ಆದರೆ ಅದರಲ್ಲಿ ಬೌದ್ಧ ಲಾಮಾಗಳ ಮುಖವಾಡದ ಕುಣಿತ ಇದೆ. ಮತ ಅನ್ನುವುದು ಎಂಥ ಆಟ ನೋಡಿ ಅಂತ ತೋರಿಸಲು ಹಿಡಿದ ಚಿತ್ರ. ಹತ್ತು ವರ್ಷದೊಳಗೆ, 1930ರ ದಶಕದ ಕೊನೆಗೆ, ಮಂಗೋಲಿಯಾದಲ್ಲಿ ನೂರಾರು ಮಠಗಳನ್ನು ಕೆಡವಿದರು, ಸಾವಿರಾರು ಲಾಮಾಗಳನ್ನು ಕೊಂದರು. ಗಡಿಯಾಚೆ ಸೋವಿಯತ್ ಕಡೆಯ ಮಠಗಳ ಗತಿಯೂ ಅದೇ. ಲೇವಡಿಗೆ ತೆಗೆದ ದೃಶ್ಯವೇ ದಾಖಲೆಯಾಗಿ ಉಳಿಯಿತು.

ಇಲ್ಲಿ ನಮ್ಮ ಊರಿನ ಒಂದು ಎಳೆ ಇದೆ. ಉತ್ತರ ಕನ್ನಡದ ಮುಂಡಗೋಡಕ್ಕೆ ಹೋಗಿದ್ದೀರಲ್ಲ? ಅಲ್ಲಿಯ ಡ್ರೆಪುಂಗ್ ಗೋಮಾಂಗ್ ಮಠಕ್ಕೂ ಮಂಗೋಲರಿಗೂ ಹಳೇ ನಂಟು. ಟಿಬೆಟ್‌ನಲ್ಲಿದ್ದಾಗಿನಿಂದ ಮಂಗೋಲ್ ಸನ್ಯಾಸಿಗಳು ಓದಲು ಹೋಗುತ್ತಿದ್ದಿದ್ದೇ ಗೋಮಾಂಗ್‌ಗೆ. 1990ರಲ್ಲಿ ಮಂಗೋಲಿಯಾದಲ್ಲಿ ಮಠಗಳು ಮತ್ತೆ ತೆರೆದವು, ಕಲಿಸುವವರು ಕಡಿಮೆ ಇದ್ದರು. ಹಾಗಾಗಿ ಅಲ್ಲಿಯ ಹುಡುಗರು ನಮ್ಮ ಮುಂಡಗೋಡದ ಜೋಳದ ಹೊಲಗಳ ಮಧ್ಯೆ ಬಂದು ಕೂತು ತಮ್ಮ ಅಜ್ಜಂದಿರ ಓದನ್ನು ಮತ್ತೆ ಓದುತ್ತಿದ್ದಾರೆ. ಮೈನಸ್ 40 ಡಿಗ್ರಿಯ ಊರಿನವರಿಗೆ ನಮ್ಮ ಏಪ್ರಿಲ್ ತಿಂಗಳು ಹೇಗಿರುತ್ತದೋ ಪಾಪ.

ದವಾ ವಿಷಯಕ್ಕೆ ಬರುತ್ತೇನೆ. ಆಕೆ ಹುಟ್ಟಿದ್ದು 1971ರಲ್ಲಿ, ಉಲಾನ್‌ಬಾತರ್‌ನಲ್ಲಿ. ಪೇಟೆಯ ಹುಡುಗಿ. ಜರ್ಮನಿಗೆ ಹೋಗಿ ಸಿನಿಮಾ ಕಲಿತು, ಜರ್ಮನಿಯ ದುಡ್ಡಲ್ಲಿ ಅಲೆಮಾರಿಗಳ ಸಿನಿಮಾ ಮಾಡಿದವರು. ಇದನ್ನು ಬೈಗುಳವಾಗಿ ಹೇಳುತ್ತಿಲ್ಲ. ಊರು ಬಿಟ್ಟವರಿಗೇ ಊರು ಜಾಸ್ತಿ ಕಾಣುವುದು. ಆದರೆ ನನಗೆ ಒಂದು ತಕರಾರಿದೆ. ಒಂಟೆಯ ಚಿತ್ರದಲ್ಲಾಗಲಿ ನಾಯಿಯ ಚಿತ್ರದಲ್ಲಾಗಲಿ ಕುಡಿದು ಬಿದ್ದವರಿಲ್ಲ, ಸಾಲ ಇಲ್ಲ, 'ಜುಡ್' ಇಲ್ಲ. ಜುಡ್ ಅಂದರೆ ಬೇಸಿಗೆಯಲ್ಲಿ ಹುಲ್ಲು ಬಾರದೆ, ಆಮೇಲೆ ಚಳಿಗಾಲದಲ್ಲಿ ಹಿಮ ಗಟ್ಟಿಯಾಗಿ ಕೂತು, ಮೇವು ಸಿಗದೆ ದನಗಳು ನಿಂತಲ್ಲೇ ಸಾಯುವುದು. 1999ರಿಂದ 2002ರ ತನಕ ಸಾಲಾಗಿ ಜುಡ್ ಬಂತು. ಅದು ಮುಗಿದ ತಕ್ಷಣದ ಕಾಲದ ಚಿತ್ರಗಳಿವು. 2009-10ರ ಒಂದೇ ಚಳಿಗಾಲದಲ್ಲಿ 80 ಲಕ್ಷಕ್ಕೂ ಜಾಸ್ತಿ ಪ್ರಾಣಿಗಳು ಸತ್ತವು. ಇನ್ನು ಕ್ಯಾಶ್ಮೀರ್ ಅನ್ನುವ ಮೇಕೆಯ ಮೆತ್ತನೆ ಉಣ್ಣೆಗೆ ಬೆಲೆ ಬಂತು ಅಂತ ಎಲ್ಲರೂ ಮೇಕೆ ಜಾಸ್ತಿ ಮಾಡಿದರು, ಮೇಕೆ ಹುಲ್ಲನ್ನು ಬುಡಸಮೇತ ಕೀಳುತ್ತದೆ, ಬಯಲು ಬೋಳಾಯಿತು. ಅದು ಬೈಕಿನ ಹಿಂದೆ ಕಟ್ಟಿ ತರುವ ಬದಲಾವಣೆ ಅಲ್ಲ. ಅದಕ್ಕೆ ಪ್ರೀತಿ ಗೀತಿ ಇಲ್ಲ.

ದವಾಗೂ ಇದು ಅನಿಸಿರಬೇಕು. 2020ರ 'ವೇನ್ಸ್ ಆಫ್ ದ ವರ್ಲ್ಡ್' ನೋಡಿ, ಅದೇ ಕೈ, ಆದರೆ ಬೇರೆ ಮನಸ್ಸು. ಚಿನ್ನದ ಗಣಿ ಕಂಪನಿಗಳು ಬಯಲಿಗೆ ಬಂದಿವೆ. ಅಮ್ರಾ ಅನ್ನುವ ಹುಡುಗನಿಗೆ ಟಿವಿಯ ಹಾಡಿನ ಸ್ಪರ್ಧೆಗೆ ಹೋಗುವ ಆಸೆ. ಅಪ್ಪ ಜಾಗ ಬಿಡುವುದಿಲ್ಲ ಅಂತ ಹಟ ಹಿಡಿದವನು. ಅಪ್ಪ ಅಪಘಾತದಲ್ಲಿ ಸಾಯುತ್ತಾನೆ. ಹುಡುಗ ಶಾಲೆಗೆ ಹೋಗುತ್ತೇನೆ ಅಂತ ಅಮ್ಮನಿಗೆ ಸುಳ್ಳು ಹೇಳಿ ಕಳ್ಳ ಗಣಿಯಲ್ಲಿ ಕೆಲಸಕ್ಕೆ ಇಳಿಯುತ್ತಾನೆ. ಉಗ್ನಾ ಟಿವಿ ನೋಡಲು ಆಸೆಪಟ್ಟ, ಅಮ್ರಾ ಟಿವಿಯೊಳಗೆ ಹೋಗಲು ಆಸೆಪಡುತ್ತಾನೆ. ಮಧ್ಯೆ ಹದಿನೇಳು ವರ್ಷ.

ಕೊನೆಗೆ ಒಂದು ಚಿತ್ರ, ನನ್ನ ಪ್ರಕಾರ ಇವೆಲ್ಲಕ್ಕಿಂತ ಮುಖ್ಯವಾದದ್ದು. ಅದರಲ್ಲಿ ಬಯಲೇ ಇಲ್ಲ. ಜೊಲ್‌ಜರ್ಗಲ್ ಪುರೆವ್‌ದಾಶ್ ಅವರ 'ಇಫ್ ಓನ್ಲಿ ಐ ಕುಡ್ ಹೈಬರ್ನೇಟ್', 2023. ಕಾನ್ ಚಿತ್ರೋತ್ಸವದ ಅಧಿಕೃತ ಆಯ್ಕೆಗೆ ಹೋದ ಮೊದಲ ಮಂಗೋಲಿಯನ್ ಚಿತ್ರ. ಜುಡ್‌ನಲ್ಲಿ ದನ ಕಳಕೊಂಡವರು, ಬಯಲಲ್ಲಿ ಬದುಕಲಾಗದವರು ಗೆರ್ ಬಿಚ್ಚಿ ಟ್ರಕ್‌ಗೆ ಹೇರಿ ಉಲಾನ್‌ಬಾತರ್ ಸುತ್ತಲಿನ ಗುಡ್ಡಗಳಿಗೆ ಬಂದು ಕಟ್ಟಿಕೊಂಡರು. ಅದಕ್ಕೆ ಗೆರ್ ಬಡಾವಣೆ ಅನ್ನುತ್ತಾರೆ. ಲಕ್ಷಾಂತರ ಜನ. ಅಲ್ಲಿ ಉಲ್ಜಿ ಅನ್ನುವ ಹುಡುಗ, ಫಿಸಿಕ್ಸ್‌ನಲ್ಲಿ ಬುದ್ಧಿವಂತ. ಅಮ್ಮನಿಗೆ ಓದು ಬರಹ ಬಾರದು, ಕೆಲಸ ಹುಡುಕಿಕೊಂಡು ಹಳ್ಳಿ ಕಡೆ ಹೋಗುತ್ತಾಳೆ. ಚಳಿಗಾಲ. ತಮ್ಮ ತಂಗಿಯರನ್ನು ನೋಡಿಕೊಂಡು ಇವನು ಇರಬೇಕು, ಕಲ್ಲಿದ್ದಲು ಮುಗಿಯುತ್ತಿದೆ.

ಗೆರ್ ಅದೇ ಗೆರ್. ತೋನೋ ಅದೇ, ಕಂಬಳಿ ಅದೇ, ಮಧ್ಯದ ಒಲೆಯೂ ಅದೇ. ಬಯಲಲ್ಲಿ ಆ ಒಲೆಗೆ ಒಣಗಿದ ಸಗಣಿ ಹಾಕುತ್ತಿದ್ದರು, ಮಕ್ಕಳು ಆಟವಾಡುತ್ತಾ ಆರಿಸಿ ತರುತ್ತಿದ್ದರು. ಇಲ್ಲಿ ದನ ಇಲ್ಲ, ಸಗಣಿ ಇಲ್ಲ, ಹಾಗಾಗಿ ಕಲ್ಲಿದ್ದಲು. ದುಡ್ಡು ಕೊಟ್ಟು ತರಬೇಕು. ಹೆಚ್ಚಾಗಿ ಆ ಲಕ್ಷ ಒಲೆಗಳ ಹೊಗೆಯಿಂದ ಉಲಾನ್‌ಬಾತರ್ ಚಳಿಗಾಲದಲ್ಲಿ ಜಗತ್ತಿನ ಅತಿ ಕೆಟ್ಟ ಗಾಳಿಯ ಊರುಗಳಲ್ಲಿ ಒಂದಾಗುತ್ತದೆ. 2019ರಲ್ಲಿ ಊರೊಳಗೆ ಹಸಿ ಕಲ್ಲಿದ್ದಲು ಸುಡುವುದನ್ನು ನಿಷೇಧಿಸಿ, ಬದಲಿಗೆ ಒತ್ತಿ ಮಾಡಿದ ಕಲ್ಲಿದ್ದಲಿನ ಉಂಡೆ ಕೊಟ್ಟರು. ಅದೂ ದುಡ್ಡಿಗೇ.

ಇನ್ನೊಂದು ವಿಷಯ ಗಮನಿಸಿ. ಬಯಲಲ್ಲಿ ಗೆರ್‌ಗೆ ಬೇಲಿ ಇರುವುದಿಲ್ಲ. ದೂರದಿಂದ ಬಂದವರು ನಾಯಿ ಹಿಡಿದುಕೊಳ್ಳಿ ಅಂತ ಕೂಗುತ್ತಾರೆ, ಅದೇ ಅಲ್ಲಿ ಬಾಗಿಲು ತಟ್ಟುವ ರೀತಿ. ಗೆರ್ ಬಡಾವಣೆಯಲ್ಲಿ ಒಂದೊಂದು ಮನೆಗೂ ಸುತ್ತ ಆಳೆತ್ತರದ ಹಲಗೆ ಬೇಲಿ. 'ಖಶಾ' ಅನ್ನುತ್ತಾರೆ. ಆ ಮಾತಿಗೆ ದನದ ದೊಡ್ಡಿ ಅನ್ನುವ ಅರ್ಥವೂ ಇದೆ. ಬಯಲಲ್ಲಿ ದೊಡ್ಡಿಯೊಳಗೆ ಕುರಿ ಇರುತ್ತಿತ್ತು.

ಮಾತು ಮುಗಿದ ಮೇಲೆ ಪ್ರಶ್ನೆಗಳು ಬಂದವು. ಯಾವುದು ಮೊದಲು ನೋಡಬೇಕು ಅಂತ ಒಬ್ಬರು ಕೇಳಿದರು. ಮನೆಯಲ್ಲಿ ಮಕ್ಕಳಿದ್ದರೆ ನಾಯಿಯದ್ದು, ಇಲ್ಲದಿದ್ದರೆ ಕೊನೆಗೆ ಹೇಳಿದ್ದು ಅಂದೆ. ಇನ್ನೊಬ್ಬರು ಎದ್ದು, ಹಾಗಾದರೆ ಟಿವಿ ಬಂದು ಅವರ ಸಂಸ್ಕೃತಿ ಹಾಳಾಯಿತು ಅಂತ ನೀವು ಹೇಳುವುದಾ ಅಂದರು. ಅಲ್ಲ ಅಂದೆ, ಆದರೆ ಸರಿಯಾದ ಉತ್ತರ ತಕ್ಷಣ ಹೊಳೆಯಲಿಲ್ಲ. ಉಗ್ನಾನಿಗೆ ಟಿವಿ ಬೇಡ ಅನ್ನಲು ನಾನ್ಯಾರು, ನಮ್ಮ ಮನೆಯಲ್ಲಿ ಎರಡಿದೆ, ಅಂತ ಏನೋ ಹೇಳಿದೆ.

ಚಹಾ ಕುಡಿಯುವಾಗ ವಯಸ್ಸಾದ ಒಬ್ಬ ಹೆಂಗಸು ಹತ್ತಿರ ಬಂದರು. ಸಿನಿಮಾ ಎಲ್ಲ ಗೊತ್ತಾಗಲ್ಲ, ಮಗಳು ಕರಕೊಂಡು ಬಂದಳು ಅಂದರು. ಆಮೇಲೆ ಲೋಟ ಕೆಳಗಿಟ್ಟು, "ಆ ಸೌಟು ಹೇಳಿದ್ರಲ್ಲ ಸಾರ್, ನಮ್ಮನೇಲೂ ಹಾಗೇ ಒಂದು ಕರಗಿತ್ತು, ಸಾರಿನ ಪಾತ್ರೇಲಿ. ಸಾರೆಲ್ಲ ಚೆಲ್ಲಬೇಕಾಯ್ತು" ಅಂದರು.

ಆಮೇಲೆ ಏನು ಮಾಡಿದ್ರಿ ಅಂತ ಕೇಳಿದೆ.

"ಏನ್ ಮಾಡೋದು. ಇನ್ನೊಂದು ತಂದ್ವಿ."